ಬೆರಳು ಹೊರಗಿತ್ತು

ಬೀದರದ ಚಿದ್ರಿಯಲ್ಲಿ ಮಾಣಿಕ ಹವಾಲ್ದಾರನ ಮನೆ ಎಲ್ಲಿ ಎಂದು ಕೇಳಿದರೆ ಮೂಲೆಯ ಕಿರಾಣಿ ಅಂಗಡಿಯವನು ಮೊದಲು ನಿಮ್ಮ ಕೈ ನೋಡುತ್ತಾನೆ. ಕೈ ಖಾಲಿ ಇದ್ದರೆ ಮನೆ ತೋರಿಸುತ್ತಾನೆ. ಕೈಯಲ್ಲಿ ಉದ್ದನೆಯ ಚೀಲವಿದ್ದರೆ, ಮನೆಗೆ ಹೋಗಿ ಪ್ರಯೋಜನವಿಲ್ಲ, ಪೇಟೆಯಲ್ಲಿ ಅಬ್ದುಲ ವಾಹೀದರ ಬಂದೂಕಿನ ಅಂಗಡಿಗೆ ಹೋಗಿ ಎನ್ನುತ್ತಾನೆ. ಉದ್ದ ಚೀಲ ಹಿಡಿದು ಬರುವವರ ಕೆಲಸ ಒಂದೇ ಎಂಬುದು ಓಣಿಗೆಲ್ಲ ಗೊತ್ತು. ಚೀಲದಲ್ಲಿ ಬಂದೂಕಿರುತ್ತದೆ. ಅದು ನೆಟ್ಟಗಿದೆಯೋ ಕೆಟ್ಟಿದೆಯೋ ಎಂದು ಮಾಣಿಕ ಹೇಳಬೇಕು. ಅವನು ಹೇಳಿದ ಮೇಲೆ ಮತ್ತೊಬ್ಬರನ್ನು ಕೇಳುವ ರೂಢಿ ಈ ಜಿಲ್ಲೆಯಲ್ಲಿ ಇಲ್ಲ.

ಮಾಣಿಕ ಹುಟ್ಟಿದ್ದು ಜನವಾಡದಲ್ಲಿ. ಬೀದರಕ್ಕೆ ಬಸ್ಸಿನಲ್ಲಿ ಬಂದು ಶಾಲೆ ಕಲಿಯುತ್ತಿದ್ದ ಕಾಲಕ್ಕೆ ಮೈದಾನದಲ್ಲಿ ಎನ್‌ಸಿಸಿಯವರು ಕಟ್ಟಿಗೆಯ ಮೈಯ ಹಳೆಯ ತ್ರೀ ನಾಟ್ ತ್ರೀ ರೈಫಲ್ಲು ಹೊತ್ತು ಕವಾಯತು ಮಾಡುತ್ತಿದ್ದರು. ಒಂದು ದಿನ ಅವರಿಗೆ ಕಲಿಸುವ ಹವಾಲ್ದಾರ ಅದರ ಅಗುಳಿಯಂತೆ ಹಿಂದೆ ಮುಂದೆ ಸರಿಯುವ ಬೋಲ್ಟ್ ಕಳಚಿ, ನಳಿಗೆಯನ್ನು ಆಕಾಶಕ್ಕೆ ಹಿಡಿದು, ಬಾ ನೋಡು ಎಂದು ಇವನನ್ನು ಕರೆದ. ಮಾಣಿಕ ಒಂದು ಕಣ್ಣು ಮುಚ್ಚಿ ಇನ್ನೊಂದನ್ನು ಹಿಂಬದಿಯ ತೂತಿಗೆ ಇಟ್ಟ. ಒಳಗೆ ಬೆಳಕು ಸುತ್ತುತ್ತ ಸುತ್ತುತ್ತ ದೂರ ಹೋಗುತ್ತಿತ್ತು. ಉಕ್ಕಿನೊಳಗೆ ತಿರುವು ಗೆರೆ ಕೊರೆದಿರುತ್ತಾರೆ, ಗುಂಡು ಅದೇ ದಾರಿಯಲ್ಲಿ ತಿರುಗಿ ಹೋಗುತ್ತದೆ ಎಂಬುದೆಲ್ಲ ಆಮೇಲೆ ಕಲಿತ ಮಾತು. ಆ ಹೊತ್ತಿಗೆ ಅವನಿಗೆ ತಿಳಿದದ್ದು ಇಂಥದ್ದನ್ನು ತಾನು ಹುಟ್ಟಾ ನೋಡಿಲ್ಲ ಎಂಬುದೊಂದೇ. ಹವಾಲ್ದಾರ ಹೆಗಲು ತಟ್ಟಿ ತಟ್ಟಿ ಸಾಕಾದ ಮೇಲೆ ಕಣ್ಣು ತೆಗೆದ.

ಆ ಕಣ್ಣು ಅವನನ್ನು ಸೈನ್ಯಕ್ಕೆ ಒಯ್ದಿತು. ಅಲ್ಲಿ ಅವನಿಗೆ ಸಿಕ್ಕಿದ್ದು ಆಯುಧ ರಿಪೇರಿಯ ಕೆಲಸ. ಯುದ್ಧದ ಕಥೆ ಕೇಳಲು ಬಂದವರಿಗೆ ಅವನಿಂದ ಯಾವಾಗಲೂ ನಿರಾಸೆಯೇ. ಎಷ್ಟು ಜನರನ್ನು ಹೊಡೆದಿರಿ ಎಂದರೆ, ಯಾರನ್ನೂ ಇಲ್ಲ, ಬೇರೆಯವರ ರೈಫಲ್ಲು ಕೈಕೊಡದಂತೆ ನೋಡಿಕೊಂಡೆ ಎನ್ನುತ್ತಾನೆ. ಕೇಳಿದವರು ಚಹಾ ಕುಡಿದು ಎದ್ದು ಹೋಗುತ್ತಾರೆ. ನಿವೃತ್ತನಾಗಿ ಚಿದ್ರಿಯಲ್ಲಿ ಮನೆ ಕಟ್ಟಿದ ಮೇಲೂ ಅವನ ಕೈ ಸುಮ್ಮನಿರಲಿಲ್ಲ. ವಾಹೀದರ ಅಂಗಡಿಯಲ್ಲಿ ಒಂದು ಸ್ಟೂಲು ಅವನದಾಯಿತು. ಅವನು ನಳಿಗೆಗೆ ಕಣ್ಣಿಟ್ಟು ಕೂತದ್ದನ್ನು ಒಮ್ಮೆ ನೋಡಿದ ಹೆಂಡತಿ ಕಾಂತಾಬಾಯಿ, ಮದುವೆಯಾದಂದಿನಿಂದ ತನ್ನ ಮುಖವನ್ನು ಇಷ್ಟು ಹೊತ್ತು ನೋಡಿದ್ದುಂಟೇ ಎಂದು ಕೇಳಿದಳು. ಮಾಣಿಕ ಕಣ್ಣು ತೆಗೆಯದೆಯೇ ಇಲ್ಲ ಎಂದ. ಆ ದಿನ ಅವನಿಗೆ ಊಟ ತಡವಾಯಿತು.

ಅಂಗಡಿಗೆ ಬರುವುದರಲ್ಲಿ ಹೆಚ್ಚಿನವು ಎರಡು ನಳಿಗೆಯ ತೋಟಾ ಬಂದೂಕುಗಳು. ನಡುನಡುವೆ ಒಂದೊಂದು ಮುನ್ನೂರ ಹದಿನೈದರ ರೈಫಲ್ಲು ಬರುತ್ತದೆ. ಸೈನ್ಯದ ಗುಂಡು ಹಾರಿಸುವ ರೈಫಲ್ಲನ್ನು ಸಾಮಾನ್ಯ ಜನ ಇಟ್ಟುಕೊಳ್ಳುವಂತಿಲ್ಲ. ಅದಕ್ಕೆ ಕಾರಖಾನೆಯವರು ಆ ಹಳೆಯ ತ್ರೀ ನಾಟ್ ತ್ರೀಯ ಮೈಯನ್ನೇ ಇಟ್ಟುಕೊಂಡು, ಬೇರೆ ಅಳತೆಯ ನಳಿಗೆ ಕೂರಿಸಿ, ಲೈಸೆನ್ಸ್ ಇದ್ದವರಿಗೆ ಮಾರುತ್ತಾರೆ. ಅದೇ ಬೋಲ್ಟು, ಗುಂಡಿನ ಹಿಂಬದಿಗೆ ಬಡಿಯುವ ಅದೇ ಕುದುರೆ, ಹೆಗಲಿಗಿಟ್ಟರೆ ಅದೇ ತೂಕ. ಮೊದಮೊದಲು ಮಾಣಿಕನಿಗೆ ಅದರ ಮೇಲೆ ಸಸಾರ. ಯೂನಿಫಾರ್ಮ್ ಬಿಚ್ಚಿ ಲುಂಗಿ ಸುತ್ತಿಕೊಂಡ ಸಿಪಾಯಿ ಎಂದು ವಾಹೀದರ ಮುಂದೆ ನಗುತ್ತಿದ್ದ. ವಾಹೀದರು ಅವನನ್ನೊಮ್ಮೆ ಮೇಲಿಂದ ಕೆಳಗೆ ನೋಡಿ, ಹವಾಲ್ದಾರರೇ, ನೀವೂ ಈಗ ಲುಂಗಿಯಲ್ಲೇ ಇದ್ದೀರಲ್ಲ ಎಂದರು. ಆಮೇಲೆ ಮಾಣಿಕ ಆ ಮಾತು ಎತ್ತಲಿಲ್ಲ.

ಎಳ್ಳಮಾಸಿ ಹಬ್ಬ ಕಳೆದ ಮೇಲೆ ಒಂದು ಬೆಳಗ್ಗೆ ಗಂಡ ಹೆಂಡತಿ ಇಬ್ಬರು ಭಾಲ್ಕಿಯಿಂದ ರೈಲಿಗೆ ಬಂದು ಅಂಗಡಿಯ ಮೆಟ್ಟಿಲೇರಿದರು. ಗಂಡ ಮಲ್ಲಿಕಾರ್ಜುನ. ಸೈನ್ಯದಲ್ಲಿದ್ದು ಬಂದವನೆಂದು ನಿಂತ ನಿಲುವೇ ಹೇಳುತ್ತಿತ್ತು. ಹೆಂಡತಿ ಅಂಬೂಬಾಯಿ, ತಲೆಯ ಮೇಲೆ ಸೆರಗು ಹೊದ್ದು, ಬಾಗಿಲ ಬಳಿಯ ಬೆಂಚಿನಲ್ಲಿ ಕೂತು ಯಾರೊಂದಿಗೂ ಮಾತಾಡಲಿಲ್ಲ. ವಾಹೀದರು ಮುಖ ನೋಡಿದೊಡನೆ ಒಳಗಿನ ಕಪಾಟು ತೆರೆದು ಒಂದು ಮುನ್ನೂರ ಹದಿನೈದು ತಂದು ಮೇಜಿನ ಮೇಲೆ ಇಟ್ಟರು. ಅದು ಮಲ್ಲಿಕಾರ್ಜುನನದೇ. ಪೊಲೀಸರು ಜಮಾ ಇಡಿಸಿದ್ದರು.

ಆದದ್ದು ಇಷ್ಟು. ಮಲ್ಲಿಕಾರ್ಜುನ ಸೈನ್ಯದಿಂದ ಬಂದು, ರೈಫಲ್ಲು ಕೊಂಡು, ಔರಾದದ ಒಂದು ಬ್ಯಾಂಕಿನಲ್ಲಿ ಏಜೆನ್ಸಿಯ ಕಡೆಯಿಂದ ಕಾವಲಿಗಿದ್ದ. ದೀಪಾವಳಿಯ ಮುಂದೆ ಒಂದು ದಿನ ನಗದಿನ ಪೆಟ್ಟಿಗೆ ಬಂತು. ಪೆಟ್ಟಿಗೆ ಬಂದಾಗ ಗುಂಡು ತುಂಬಿ ನಿಲ್ಲಬೇಕೆಂಬುದು ಅಲ್ಲಿನ ಕ್ರಮ. ಇವನು ಬೋಲ್ಟ್ ಎಳೆದು ಗುಂಡೇರಿಸಿ, ಸೇಫ್ಟಿ ತಿರುಗಿಸುವ ಮೊದಲು ರೈಫಲ್ಲಿನ ಹಿಂಬದಿಯನ್ನು ಕಲ್ಲಿನ ನೆಲಕ್ಕೆ ಊರಿದ. ಊರಿದ್ದೇ ತಡ, ಗುಂಡು ಹಾರಿ ತಲೆಯ ಮೇಲಿನ ಮಾಳಿಗೆಗೆ ಹೊಡೆಯಿತು. ಗಾರೆ ಉದುರಿತು, ಜನ ಚೆಲ್ಲಾಪಿಲ್ಲಿಯಾದರು. ದೇವರ ದಯೆ, ಯಾರ ಕೂದಲೂ ಕೊಂಕಲಿಲ್ಲ. ಬೆರಳು ಟ್ರಿಗರ್ ಮೇಲೆ ಇದ್ದದ್ದನ್ನು ಕಣ್ಣಾರೆ ಕಂಡೆ ಎಂದು ಕ್ಯಾಷಿಯರ್ ಕಪಿಲ ಹೇಳಿದ. ಪೊಲೀಸರು ತಾಕೀತು ಮಾಡಿ ಬಿಟ್ಟರು. ಏಜೆನ್ಸಿಯವರು ನಾಳೆಯಿಂದ ಬರಬೇಡ ಎಂದರು. ಭಾಲ್ಕಿ ಸ್ಟೇಶನ್ನಿನ ಆಟೋದವರು ಅವನಿಗೆ ಢಂ ಮಾಮಾ ಎಂದು ಹೆಸರಿಟ್ಟರು. ಎರಡು ತಿಂಗಳು ಅವನು ಆ ಕಡೆ ಕಾಲಿಡಲಿಲ್ಲ.

"ನೌಕರಿ ಹೋದರ ಹೋಗಲಿರಿ," ಎಂದ ಮಲ್ಲಿಕಾರ್ಜುನ ಮಾಣಿಕನಿಗೆ. "ನನ್ನ ಬಟ್ಟು ಹೊರಗಿತ್ತು. ಅಷ್ಟ ಖರೆ ಅಂತ ಯಾರರೆ ಒಬ್ಬರು ಅನ್ನಬೇಕು."

ಬಟ್ಟು ಎಂದರೆ ಆ ಕಡೆ ಬೆರಳು. ರೈಫಲ್ಲು ಹಿಡಿದವನ ತೋರುಬೆರಳು ಗುರಿ ಇಡುವ ತನಕ ಟ್ರಿಗರಿನ ಸುತ್ತಲಿನ ಬಳೆಯ ಹೊರಗೆ, ಕಟ್ಟಿಗೆಯ ಮೇಲೆ ನೆಟ್ಟಗೆ ಮಲಗಿರಬೇಕು. ಸಿಪಾಯಿ ಕಲಿಯುವ ಮೊದಲ ಪಾಠಗಳಲ್ಲಿ ಅದೂ ಒಂದು, ಅದನ್ನು ಮರೆತವನಿಗೆ ಅಲ್ಲಿ ಮಾನವಿಲ್ಲ. ಮಾಣಿಕನಿಗೆ ಮಲ್ಲಿಕಾರ್ಜುನ ಕೇಳುತ್ತಿರುವುದು ಏನೆಂದು ಪೂರಾ ಅರ್ಥವಾಯಿತು. ಆದರೆ ಬೆರಳು ಹೊರಗಿತ್ತು ಎನ್ನದವರು ಯಾರಿದ್ದಾರೆ? ಕೈತಪ್ಪಿ ಗುಂಡು ಹಾರಿಸಿದವರೆಲ್ಲ ಹಾಗೆಯೇ ಅನ್ನುತ್ತಾರೆ. ನೋಡೋಣ ಎಂದಷ್ಟೇ ಹೇಳಿ, ಮ್ಯಾಗಝೀನನ್ನು ಕಳಚಿ ಪಕ್ಕಕ್ಕಿಟ್ಟ. ಗುಂಡು ತುಂಬುವ ಆ ತಗಡಿನ ಡಬ್ಬಿಯನ್ನು ಮೊದಲು ಬೇರೆ ಮಾಡಿದ ಹೊರತು ಆಯುಧ ಮುಟ್ಟಬಾರದು. ಇದು ಅವನ ಮೈಗಂಟಿದ ಅಭ್ಯಾಸ, ಎಂದೂ ತಪ್ಪಿದ್ದಿಲ್ಲ.

ಬೋಲ್ಟ್ ತೆಗೆದು ನಳಿಗೆಯನ್ನು ಬಾಗಿಲ ಬೆಳಕಿಗೆ ಹಿಡಿದ. ಒಳಗೆ ಒಂದು ಕಲೆಯಿಲ್ಲ, ಒಂದು ತುಕ್ಕಿನ ಚುಕ್ಕಿಯಿಲ್ಲ. ಬೆಳಕು ಸುತ್ತಿಕೊಂಡು ಸುತ್ತಿಕೊಂಡು ಬೀದಿಗೆ ಇಳಿಯುತ್ತಿತ್ತು. ಇಷ್ಟು ವರ್ಷದಲ್ಲಿ ಎಷ್ಟೋ ನಳಿಗೆ ನೋಡಿದ್ದಾನೆ, ಆದರೂ ಪ್ರತಿಸಲ ಎದೆಯೊಳಗೆ ಏನೋ ನಿಂತಂತಾಗುತ್ತದೆ. ಇಂಥ ಬಂದೂಕನ್ನು ಲುಂಗಿ ಸಿಪಾಯಿ ಎಂದು ನಕ್ಕಿದ್ದೆನಲ್ಲ ಎಂದು ಅವನಿಗೆ ನಾಚಿಕೆಯಾಯಿತು. ಯಾರು ಇದನ್ನು ಇಷ್ಟು ಚೆನ್ನಾಗಿ ನೋಡಿಕೊಂಡವರು ಎಂದು ಕೇಳಿದ. ಮಲ್ಲಿಕಾರ್ಜುನ ಗದ್ದದಿಂದ ಹೆಂಡತಿಯ ಕಡೆ ತೋರಿಸಿದ. ತಾನು ನಳಿಗೆಗೆ ಎಣ್ಣೆ ಹಾಕಿದರೆ ಆಕೆ ಕಟ್ಟಿಗೆ ಒರೆಸುತ್ತಾಳೆ, ಚೀಲ ಒಗೆಯುತ್ತಾಳೆ, ಮನೆಯ ಮಗಳೆಂದೇ ಮಾತಾಡಿಸುತ್ತಾಳೆ ಎಂದ. ಅವರಿಗೆ ಹೆಣ್ಣುಮಕ್ಕಳಿರಲಿಲ್ಲ.

ಬೋಲ್ಟಿನ ಹಲ್ಲು, ಅದು ಕೂರುವ ಮನೆ, ಗುಂಡಿಗೆ ಚುಚ್ಚುವ ಮುಳ್ಳು, ಸ್ಪ್ರಿಂಗು, ಒಂದೊಂದನ್ನೂ ಮಾಣಿಕ ನೋಡಿದ. ಟ್ರಿಗರ್ ಎಳೆದ. ಮೊದಲು ಸಡಿಲ, ಆಮೇಲೆ ಒಂದು ಬಿಗಿ, ಆಮೇಲೆ ಚೊಕ್ಕ ಬಿಡುಗಡೆ. ಸೈನ್ಯದ ರೈಫಲ್ಲಿನಲ್ಲಿ ಹೇಗೋ ಹಾಗೇ. ಕೊನೆಗೆ ಕುದುರೆ ಎತ್ತಿ, ರಬ್ಬರಿನ ಹಾಸಿನ ಮೇಲೆ ರೈಫಲ್ಲಿನ ಹಿಂಬದಿಯನ್ನು ಕುಟ್ಟಿದ. ಕುದುರೆ ಬೀಳಲಿಲ್ಲ. ಇನ್ನೂ ಜೋರಾಗಿ ಕುಟ್ಟಿದ. ಎಡಕ್ಕೆ ವಾಲಿಸಿ, ಬಲಕ್ಕೆ ವಾಲಿಸಿ, ನೆಲಕ್ಕೇ ಕುಟ್ಟಿದ. ಊಹುಂ. ಕುದುರೆಯನ್ನು ಹಿಡಿದು ನಿಲ್ಲಿಸುವ ಕೊಂಡಿ ಕಲ್ಲಿನಂತೆ ಹಿಡಿದಿತ್ತು. ಮಾಣಿಕ ರೈಫಲ್ಲನ್ನು ಮೇಜಿನ ಮೇಲೆ ಮಲಗಿಸಿ ಕೈ ಒರೆಸಿಕೊಂಡ. ಇಂಥ ಹೊತ್ತಿನಲ್ಲಿ ಮಾತು ಬೆಳೆಸಬಾರದೆಂದು ಅವನಿಗೆ ಗೊತ್ತಿತ್ತು.

"ರೈಫಲ್ ಸರಿ ಅದರಿ," ಎಂದ.

ಮಲ್ಲಿಕಾರ್ಜುನ ವಾದಿಸಲಿಲ್ಲ, ಆಣೆ ಮಾಡಲಿಲ್ಲ. ಊರಿಂದ ತಂದಿದ್ದ ಖಾಲಿ ಚೀಲವನ್ನು ಮೇಜಿನ ಮೇಲೆ ಹರವಿ, ಸುಮ್ಮನೆ ಮಡಿಸಲಾರಂಭಿಸಿದ. ಮಡಿಸಿದ್ದನ್ನೇ ಬಿಚ್ಚಿ ಮತ್ತೆ ಮಡಿಸಿದ. ಮಾಣಿಕನಾದರೂ ಏನು ಮಾಡುವುದು? ಕಂಡದ್ದನ್ನೇ ಹೇಳಬೇಕು. ವಾಹೀದರು ಚಹಾ ಹೇಳಲು ಹೊರಟರು. ಆಗ ಬೆಂಚಿನಿಂದ ಅಂಬೂಬಾಯಿ ಮೊದಲ ಸಲ ಬಾಯಿ ತೆರೆದಳು.

"ಆಕಿ ಹೊಟ್ಟಿ ತೆಗೆದು ಬಾಜೂಕ ಇಟ್ಟು ಕೇಳಲತ್ತೀರಿ ನೀವು. ಬ್ಯಾಂಕಿನಾಗ ಆಕಿ ಹೊಟ್ಟಿ ತುಂಬಿತ್ತಲ್ರಿ?"

ಮಾಣಿಕನಿಗೆ ಮೊದಲು ನಗು ಬಂತು. ಪಕ್ಕಕ್ಕಿಟ್ಟ ಮ್ಯಾಗಝೀನಿನ ಮೇಲೆ ಕಣ್ಣು ಬಿದ್ದಾಗ ನಗು ಅಲ್ಲೇ ನಿಂತಿತು. ಇಷ್ಟು ವರ್ಷ ತಾನು ಪರೀಕ್ಷೆ ಮಾಡಿದ ಆಯುಧಗಳಲ್ಲಿ ಒಂದನ್ನಾದರೂ ತುಂಬಿದ ಮ್ಯಾಗಝೀನು ಕೂರಿಸಿ ಕುಟ್ಟಿದ್ದುಂಟೆ? ಇಲ್ಲ. ಸುರಕ್ಷೆಗೆಂದು ಕಲಿತದ್ದು ರೂಢಿಯಾಗಿ, ರೂಢಿ ಅವನ ಕಣ್ಣನ್ನೇ ಕಟ್ಟಿತ್ತು. ವಾಹೀದರ ಖಾನೆಯಿಂದ ಮದ್ದಿಲ್ಲದ ಹುಸಿಗುಂಡುಗಳನ್ನು ಇಸಿದುಕೊಂಡು ಮ್ಯಾಗಝೀನಿಗೆ ತುಂಬಿದ, ಅದನ್ನು ಅದರ ಜಾಗಕ್ಕೆ ಒತ್ತಿದ, ಬೋಲ್ಟ್ ಮುಂದೂಡಿದ. ಕುದುರೆ ನಿಂತಿತು. ರೈಫಲ್ಲಿನ ಹಿಂಬದಿಯನ್ನು ರಬ್ಬರಿನ ಮೇಲೆ ಮೆಲ್ಲಗೆ, ತೀರಾ ಮೆಲ್ಲಗೆ ಊರಿದ.

ಟಕ್ ಎಂದು ಕುದುರೆ ಬಿತ್ತು.

ಮತ್ತೊಮ್ಮೆ ಎತ್ತಿದ, ಊರಿದ. ಮತ್ತೆ ಬಿತ್ತು. ಟ್ರಿಗರಿನ ಹತ್ತಿರ ಅವನ ಬೆರಳು ಹೋಗಿರಲಿಲ್ಲ. ಮಲ್ಲಿಕಾರ್ಜುನ ಚೀಲ ಬಿಟ್ಟು ಎರಡೂ ಕೈಯಿಂದ ಮುಖ ಮುಚ್ಚಿಕೊಂಡ. ವಾಹೀದರು ನಿಂತಲ್ಲೇ ದೇವರ ಹೆಸರು ಹೇಳಿದರು. ಮಾಣಿಕನಿಗೆ ತಾನು ಇದೀಗ ಎಂಥ ತಪ್ಪು ಮಾಡಲಿದ್ದೆ ಎಂದು ಹೊಳೆಯಿತು. ಸರಿ ಇದೆ ಎಂದು ಹೇಳಿ ಕಳಿಸಿದ್ದರೆ ಈ ಮನುಷ್ಯ ಸಾಯುವ ತನಕ ಸುಳ್ಳುಗಾರನಾಗಿ ಉಳಿಯುತ್ತಿದ್ದ, ತಾನು ಸಾಯುವ ತನಕ ಅದನ್ನೇ ಸತ್ಯವೆಂದು ಸಾಧಿಸುತ್ತಿದ್ದೆ ಎಂದುಕೊಂಡ.

ಈಗ ಕಾರಣ ಹುಡುಕಬೇಕು. ಈ ರೈಫಲ್ಲಿನಲ್ಲಿ ಮ್ಯಾಗಝೀನನ್ನು ಹಿಡಿಯುವ ಕೊಂಡಿಗೂ ಕುದುರೆಯನ್ನು ಹಿಡಿಯುವ ಕೊಂಡಿಗೂ ನಡುವೆ ಒಂದೇ ಸ್ಪ್ರಿಂಗು. ಅಲ್ಲೇ ಏನೋ ಇದೆ ಎಂದು ಅವನ ಕೈಗೆ ಮೊದಲೇ ಗೊತ್ತಾಗಿತ್ತು. ಮ್ಯಾಗಝೀನು ತೆಗೆದು, ಆ ಗುಳಿಯೊಳಗೆ ಟಾರ್ಚು ಬಿಟ್ಟು, ಉದ್ದನೆಯ ಚಿಮಟವನ್ನು ಸ್ಪ್ರಿಂಗಿನ ಮೂಲೆಗೆ ಇಳಿಸಿದ. ಏನೋ ಸಿಕ್ಕಿತು, ಜಾರಿತು, ಮತ್ತೆ ಸಿಕ್ಕಿತು. ಹೊರಗೆ ತಂದು ಬಿಳಿ ಅರಿವೆಯ ಮೇಲೆ ಇಟ್ಟ.

ಅದೊಂದು ಅಕ್ಕಿಕಾಳು. ಎಣ್ಣೆ ಕುಡಿದು ಗಟ್ಟಿಯಾಗಿತ್ತು. ಒಂದು ತುದಿಯಲ್ಲಿ ಅರಿಶಿನ ಇನ್ನೂ ಹಾಗೇ ಇತ್ತು. ಮ್ಯಾಗಝೀನು ಇಲ್ಲದಾಗ ಸಂದಿಯಲ್ಲಿ ಸುಮ್ಮನೆ ಬಿದ್ದಿರುತ್ತಿತ್ತು, ತುಂಬಿದ ಮ್ಯಾಗಝೀನು ಕೂತಾಗ ಅದರ ಒತ್ತಡಕ್ಕೆ ಬೆಣೆಯಾಗಿ ಸಿಕ್ಕಿಕೊಂಡು ಕುದುರೆಯ ಕೊಂಡಿಯನ್ನು ಪೂರಾ ಏಳಲು ಬಿಡುತ್ತಿರಲಿಲ್ಲ. ಕುದುರೆ ಕೊಂಡಿಯ ಅಂಚಿನಲ್ಲಿ ನಿಂತಂತೆ ಮಾಡಿ, ಮೈ ಅಲುಗಿದರೆ ಜಾರುತ್ತಿತ್ತು. ಮಾಣಿಕ ಇದನ್ನೆಲ್ಲ ಹೇಳುತ್ತ ಹೇಳುತ್ತ ನಡುವೆ ನಿಲ್ಲಿಸಿದ. ಯಾಕೆಂದರೆ ಅಂಗಡಿಯಲ್ಲಿದ್ದ ನಾಲ್ವರಿಗೂ ಅರಿಶಿನದ ಅಕ್ಕಿ ಎಲ್ಲಿಂದ ಬರುತ್ತದೆ ಎಂದು ಹೇಳಬೇಕಾಗಿರಲಿಲ್ಲ.

ದಸರೆಯ ಖಂಡೇ ಪೂಜೆಯ ದಿನ ಈ ಕಡೆ ಮನೆಯ ಕುಡುಗೋಲು, ಕೊಡಲಿ, ಯಂತ್ರ, ಗಾಡಿ ಎಲ್ಲಕ್ಕೂ ಪೂಜೆ ಆಗುತ್ತದೆ. ಅಂಬೂಬಾಯಿಯ ಮನೆಯಲ್ಲಿ ರೈಫಲ್ಲಿಗೆ. ಬೇರೆಯವರಾಗಿದ್ದರೆ ಕುಂಕುಮ ಹಚ್ಚಿ ಹೂವು ಏರಿಸಿ ಬಿಡುತ್ತಿದ್ದರು. ಈಕೆಗೆ ಅದು ಮಗಳು. ಮಗಳಿಗೆ ಬರೀ ಹೂವು ಏರಿಸಿ ಕಳಿಸುವ ತಾಯಿ ಎಲ್ಲಿದ್ದಾಳೆ? ಉಡಿ ತುಂಬಬೇಡವೆ? ರೈಫಲ್ಲಿಗೆ ಸೆರಗಿಲ್ಲ, ಮಡಿಲಿಲ್ಲ. ಮ್ಯಾಗಝೀನು ಕಳಚಿದರೆ ಹೊಟ್ಟೆಯ ಜಾಗದಲ್ಲಿ ಒಂದು ಚೌಕ ಗುಳಿಯಿದೆ. ಪ್ರತಿ ದಸರೆಗೆ ಆಕೆ ಆ ಗುಳಿಗೆ ಅರಿಶಿನದ ಅಕ್ಕಿ ತುಂಬಿ, ಮೇಲೊಂದು ಅಡಿಕೆ ಇಟ್ಟು, ಆರತಿ ಬೆಳಗಿ, ಆಮೇಲೆ ಅಕ್ಕಿಯನ್ನು ಬೋಗುಣಿಗೆ ಸುರಿದು ಪಾಯಸ ಮಾಡುತ್ತಿದ್ದಳು. ಈ ಸಲ ಒಂದು ಕಾಳು ಮಗಳ ಮನೆಯಲ್ಲೇ ಉಳಿದಿತ್ತು.

ಅಂಬೂಬಾಯಿ ಎದ್ದು ಮೇಜಿನ ಬಳಿ ಬಂದಳು. ಬಿಳಿ ಅರಿವೆಯ ಮೇಲಿನ ಕಾಳನ್ನು ನೋಡಿದಳು. ಆಕೆಯ ಬಾಯಿ ತೆರೆಯುವ ಮುಂಚೆಯೇ ಮಲ್ಲಿಕಾರ್ಜುನ ಮೇಜಿನ ಮೇಲಿದ್ದ ರೈಫಲ್ಲನ್ನು ಎತ್ತಿಕೊಂಡು ನಡುವೆ ನಿಂತ.

"ಹವಾಲ್ದಾರ್ರಿ, ಆ ದಿನ ನನ್ನ ಬಟ್ಟು ಒಳಗೇ ಇತ್ತ್ರಿ," ಎಂದ. "ನಾನೇ ಒತ್ತೀನಿ. ಹಂಗೇ ಹೇಳಿಬಿಡ್ರಿ ಬ್ಯಾಂಕಿನವರಿಗಿ."

ಮಾಣಿಕ ಅವನನ್ನೇ ನೋಡಿದ. ಎರಡು ತಿಂಗಳು ಮಂದಿಗೆ ಮುಖ ತೋರಿಸದೆ ಕೂತು, ಒಂದು ಮಾತಿಗಾಗಿ ರೈಲು ಹತ್ತಿ ಬಂದವನು. ಆ ಮಾತು ಇದೀಗ ತಾನೇ ಕೈಗೆ ಸಿಕ್ಕಿತ್ತು. ಸಿಕ್ಕಿದ್ದನ್ನು ಮೂಸಿಯೂ ನೋಡದೆ ಬಿಟ್ಟು, ಹೆಂಡತಿಯ ಮುಂದೆ ಅಡ್ಡಗೋಡೆಯಾಗಿ ನಿಲ್ಲುತ್ತಿದ್ದಾನೆ. ಮಾಣಿಕನ ಕಣ್ಣು ತಾನಾಗಿ ಅವನ ಕೈಗೆ ಇಳಿಯಿತು. ಅವಸರದಲ್ಲಿ ಎತ್ತಿಕೊಂಡ ರೈಫಲ್ಲು. ತೋರುಬೆರಳು ಟ್ರಿಗರಿನ ಬಳೆಯ ಹೊರಗೆ, ಕಟ್ಟಿಗೆಯ ಮೇಲೆ ನೆಟ್ಟಗೆ ಮಲಗಿತ್ತು. ಬಾಯಿ ಒಳಗಿತ್ತು ಎನ್ನುತ್ತಿತ್ತು, ಬೆರಳಿಗೆ ಸುಳ್ಳು ಹೇಳಲು ಬರುತ್ತಿರಲಿಲ್ಲ. ಮಾಣಿಕನಿಗೆ ಚಿಕ್ಕಂದಿನಲ್ಲಿ ಮೈದಾನದಲ್ಲಿ ನಿಂತು ನಳಿಗೆಯೊಳಗೆ ನೋಡಿದಾಗ ಆದದ್ದೇ ಈಗಲೂ ಆಯಿತು.

ಅಂಬೂಬಾಯಿ ಗಂಡನನ್ನು ಮೆಲ್ಲಗೆ ಬದಿಗೆ ಸರಿಸಿದಳು. ಕಾಳನ್ನು ಎರಡು ಬೆರಳಲ್ಲಿ ಎತ್ತಿ ಅಂಗೈಯಲ್ಲಿಟ್ಟುಕೊಂಡಳು. ಅಳಲಿಲ್ಲ.

"ಇದು ನನ್ನ ಅಕ್ಕಿ. ನಾನೇ ತುಂಬೀನಿ," ಎಂದಳು. "ಔರಾದಕ್ಕ ಹೋಗಿ ನಾನೇ ಹೇಳ್ತೇನಿ. ಇವರಿಗಿ ಸುಳ್ಳ ಹೇಳಲಾಕ ಬರಂಗಿಲ್ರಿ, ನೋಡಿದ್ರಲ್ಲ."

ಆಕೆ ಸುಮ್ಮನೆ ಬೆಂಚಿನಲ್ಲಿ ಕೂತೇ ಇದ್ದಿದ್ದರೆ ಈ ಕಾಳು ಯಾರಿಗೂ ಸಿಗುತ್ತಿರಲಿಲ್ಲ. ಹೊಟ್ಟೆ ತುಂಬಿಸಿ ಕೇಳಿ ಎಂದವಳೂ ಆಕೆಯೇ. ಗಂಡನ ಮಾತು ಖರೆ ಎಂದು ಆಕೆ ಒಂದು ಗಳಿಗೆಯೂ ಅನುಮಾನಿಸಿರಲಿಲ್ಲ. ರೈಫಲ್ಲು ನೋಡಿ ನೋಡಿ ಮುದುಕನಾದ ಮಾಣಿಕನಿಗೆ ಮನುಷ್ಯರನ್ನು ತಾನು ಇಷ್ಟು ಹತ್ತಿರದಿಂದ ನೋಡಿಯೇ ಇರಲಿಲ್ಲವೇನೋ ಎನಿಸಿತು. ವಾಹೀದರು ಒಂದು ಸಣ್ಣ ಕಾಗದದ ಪೊಟ್ಟಣ ಕಟ್ಟಿ, ಆಕೆಯ ಕೈಗೆ ಕೊಟ್ಟರು. ಕಾಳು ಅದರೊಳಗೆ ಹೋಯಿತು.

ಹೊರಡುವ ಮುಂದೆ ಆಕೆ ಬಾಗಿಲಲ್ಲಿ ತಿರುಗಿ ನಿಂತು, ಒಂದೇ ಒಂದು ಮಾತು ಕೇಳಿದಳು. ತನ್ನಿಂದ ಈ ಹುಡುಗಿ ಕೆಟ್ಟುಹೋದಳೇ, ಇನ್ನು ಮುಟ್ಟುವಂತಿಲ್ಲವೇ ಎಂದು. ಮಾಣಿಕ ಬೋಲ್ಟನ್ನು ತೆಗೆದಿಟ್ಟು, ನಳಿಗೆಯನ್ನು ಬೀದಿಯ ಬಿಸಿಲಿಗೆ ಹಿಡಿದು, ಇಲ್ಲಿ ಕಣ್ಣಿಡಿ ಎಂದ. ಆಕೆ ಹಿಂಜರಿದು, ಸೆರಗು ಸರಿಸಿ, ಬಗ್ಗಿದಳು. ಬಗ್ಗಿದವಳು ಏಳಲಿಲ್ಲ. ಮಾಣಿಕ ಹೆಗಲು ತಟ್ಟುವಂತಿಲ್ಲ, ಕಾಯುತ್ತ ನಿಂತ. ರೈಫಲ್ಲು ಹಿಡಿದ ಕೈ ನೋಯಹತ್ತಿತು, ಆದರೂ ಅಲುಗಲಿಲ್ಲ.

"ಇಷ್ಟ ಬೆಳಕ ಅದ ಆಕಿ ಒಳಗ," ಎಂದಳು ಕೊನೆಗೆ. "ನಾ ಹೊರಗಿಂದೇ ಪೂಜಿ ಮಾಡಿಕೋತ ಬಂದೀನಿ."

ಔರಾದಕ್ಕೆ ಗಂಡ, ಹೆಂಡತಿ, ಮಾಣಿಕ ಮೂವರೂ ಬಸ್ಸಿನಲ್ಲಿ ಹೋದರು. ಮಲ್ಲಿಕಾರ್ಜುನ ಬ್ಯಾಂಕಿನ ಒಳಗೆ ಬರಲು ಒಪ್ಪದೆ ಮೆಟ್ಟಿಲ ಕೆಳಗೆ ನಿಂತ. ಮ್ಯಾನೇಜರ್ ಮಂಜಿರಿ ಇನ್ನೂ ಚಿಕ್ಕ ವಯಸ್ಸಿನವಳು. ಕುರ್ಚಿ ಕೊಟ್ಟು, ಒಳಗಿನ ಕೋಣೆಯಲ್ಲಿ ಮಾತಾಡೋಣ ಎಂದಳು. ಅಂಬೂಬಾಯಿ ಕೂರಲಿಲ್ಲ. ಬೆರಳಿನ ಸುದ್ದಿಯನ್ನು ಎಲ್ಲರ ಮುಂದೆ ಹೇಳಿದ್ದೀರಿ, ಅಕ್ಕಿಯ ಸುದ್ದಿಯನ್ನೂ ಎಲ್ಲರೂ ಕೇಳಲಿ ಎಂದಳು. ಪಿಂಚಣಿಗೆ ಬಂದ ಮುದುಕರ ಸಾಲಿನ ಮುಂದೆಯೇ ನಿಂತು, ಪೊಟ್ಟಣ ಬಿಚ್ಚಿ, ಉಡಿ ತುಂಬಿದ್ದನ್ನು ಬಿಡದೆ ಹೇಳಿದಳು. ಸಾಲಿನಲ್ಲಿದ್ದವರಿಗೆ ಮೊದಲು ನಗು ಬಂತು. ನಗುವವರನ್ನು ಆಕೆ ತಡೆಯಲಿಲ್ಲ. ಅವರು ನಕ್ಕು ಮುಗಿಸಿದ ಮೇಲೆ, ಆ ಒಂದು ಕಾಳಿಗೆ ಗುಂಡು ಹಾರಿದ್ದನ್ನು, ಗಂಡ ಸುಳ್ಳುಗಾರನಾದದ್ದನ್ನು ಹೇಳಿದಳು. ಆಮೇಲೆ ಯಾರೂ ನಗಲಿಲ್ಲ. ಮಾಳಿಗೆಯ ತೂತು ಹಾಗೇ ಇತ್ತು. ಆಕೆ ತಲೆಯೆತ್ತಿ ಅದನ್ನು ನೋಡಿ, ಅದರ ಕೆಳಗೆ ಕೂತಿದ್ದ ಮುದುಕಿಗೆ ಕೈ ಮುಗಿದಳು.

ಮಾಣಿಕ ತಾನು ಕಂಡದ್ದನ್ನು ಹೇಳಿದ. ತನ್ನ ಮೊದಲ ತೀರ್ಪು ತಪ್ಪಿದ್ದನ್ನೂ ಬಿಡಲಿಲ್ಲ. ಎಲ್ಲರ ಕಣ್ಣು ಕ್ಯಾಷಿಯರ್ ಕಪಿಲನ ಮೇಲೆ ಹೋಯಿತು. ಕಪಿಲ ಕೆಟ್ಟ ಮನುಷ್ಯನಲ್ಲ, ಮಾತಿಗೆ ಮುಂದು ಅಷ್ಟೆ. ಗಾಜಿನ ಹಿಂದಿನಿಂದ ಎದ್ದು, ಮೆಟ್ಟಿಲಿಳಿದು, ಹೊರಗೆ ನಿಂತಿದ್ದ ಮಲ್ಲಿಕಾರ್ಜುನನ ಎದುರಿಗೆ ಹೋದ.

"ಸದ್ದಿಗಿ ನಾ ಕಣ್ಣ ಮುಚ್ಚಿದ್ದೆರಿ ಕಾಕಾ," ಎಂದ. "ಬಟ್ಟು ನೋಡಿಲ್ಲ. ಗುಂಡ ಹಾರ್ಯದ ಅಂದ ಮ್ಯಾಲ ಬಟ್ಟು ಒಳಗೇ ಇರಬೇಕು ಅಂದ್ಕೊಂಡೆ."

ಮಲ್ಲಿಕಾರ್ಜುನ ಅವನ ಹೆಗಲ ಮೇಲೆ ಕೈಯಿಟ್ಟು, ಒಳಗೆ ಹೋಗು, ಮಂದಿ ಕಾಯುತ್ತಿದ್ದಾರೆ ಎಂದ. ಮುಂದಿನ ತಿಂಗಳು ಏಜೆನ್ಸಿಯವರು ಅವನನ್ನು ಮತ್ತೆ ಕರೆದರು. ಮಾಣಿಕ ರೈಫಲ್ಲನ್ನು ಪೂರಾ ಬಿಚ್ಚಿ, ತೊಳೆದು, ಜೋಡಿಸಿ, ತುಂಬಿದ ಮ್ಯಾಗಝೀನು ಕೂರಿಸಿ ಕುಟ್ಟಿ ನೋಡಿದ ಮೇಲೆ ಕೊಟ್ಟ. ಅಂದಿನಿಂದ ಅಂಗಡಿಗೆ ಯಾವ ರೈಫಲ್ಲು ಬಂದರೂ ಅವನು ಖಾಲಿ ಹೊಟ್ಟೆಯಲ್ಲೂ ತುಂಬಿದ ಹೊಟ್ಟೆಯಲ್ಲೂ ಎರಡು ಸಲ ಕೇಳುತ್ತಾನೆ. ಭಾಲ್ಕಿಯ ಆಟೋದವರು ಮಾತ್ರ ಢಂ ಮಾಮಾ ಬಿಟ್ಟು ಅಕ್ಕಿ ಮಾಮಾ ಎನ್ನಹತ್ತಿದರು. ಈ ಹೆಸರಿಗೆ ಮಲ್ಲಿಕಾರ್ಜುನ ನಿಂತು ಉತ್ತರ ಕೊಡುತ್ತಾನೆ.

ದಸರೆ ಬಂತು. ಅಂಬೂಬಾಯಿಯಿಂದ ಮಾಣಿಕನಿಗೆ ಕರೆ ಬಂತು. ಬೌದ್ಧನಾದ ಅವನ ಮನೆಯಲ್ಲಿ ಪೂಜೆ ಪುನಸ್ಕಾರ ಇಲ್ಲ, ಮರುದಿನ ವಿಜಯದಶಮಿಯ ಬೆಳಗ್ಗೆ ಬುದ್ಧವಿಹಾರಕ್ಕೆ ಹೋಗಬೇಕು. ಖಂಡೇ ಪೂಜೆಗೆ ನಿಮಗೇನು ಕೆಲಸ ಎಂದು ಕಾಂತಾಬಾಯಿ ಕೇಳಿದಳು. ರೈಫಲ್ಲು ನೋಡಲು ಎಂದ. ಹಾಗಾದರೆ ನಾನೂ ಬರುತ್ತೇನೆ, ನೀವು ಅಷ್ಟು ಹೊತ್ತು ನೋಡುವುದು ಏನೆಂದು ನಾನ್ಯಾಕೆ ನೋಡಬಾರದು ಎಂದು ಆಕೆ ಚಪ್ಪಲಿ ಮೆಟ್ಟಿದಳು.

ಭಾಲ್ಕಿಯ ಆ ಮನೆಯ ಪಡಸಾಲೆಯಲ್ಲಿ ಓಣಿಯ ಹೆಂಗಸರೆಲ್ಲ ಸೇರಿದ್ದರು. ರೈಫಲ್ಲಿಗೆ ಹೂವಿತ್ತು, ಕಟ್ಟಿಗೆಯ ಮೇಲೆ ಒಂದು ಬೊಟ್ಟು ಕುಂಕುಮವಿತ್ತು. ಉಡಿಯ ಅಕ್ಕಿ ಬೇರೆ ಬೋಗುಣಿಯಲ್ಲಿ, ಮಾರು ದೂರದಲ್ಲಿತ್ತು. ಬೋಲ್ಟು ಮ್ಯಾಗಝೀನು ಎರಡನ್ನೂ ಕಳಚಿ ತಟ್ಟೆಯಲ್ಲಿಟ್ಟಿದ್ದರು. ಗೋಡೆಯ ಗೂಡಿನಲ್ಲಿ ದೀಪ ಉರಿಯುತ್ತಿತ್ತು. ಮಲ್ಲಿಕಾರ್ಜುನ ನಳಿಗೆಯ ಬಾಯನ್ನು ಆ ದೀಪದ ಕಡೆ ಮಾಡಿ ಹಿಡಿದು ನಿಂತಿದ್ದ. ಆರತಿಯಾದ ಮೇಲೆ ಅಂಬೂಬಾಯಿ ಒಬ್ಬೊಬ್ಬರನ್ನೇ ಕರೆದು, ಬಗ್ಗಿ ನೋಡಿರಿ ಎನ್ನುತ್ತಿದ್ದಳು. ನಗುತ್ತ ಬಗ್ಗಿದವರು ಸುಮ್ಮನಾಗಿ ಏಳುತ್ತಿದ್ದರು. ಕಾಂತಾಬಾಯಿಯ ಸರದಿ ಬಂತು. ಬಗ್ಗಿದವಳು ಏಳುವ ಹಾಗೆ ಕಾಣಲಿಲ್ಲ. ಮಾಣಿಕ ಹಿಂದೆ ನಿಂತು ಕಾದ. ಮದುವೆಯಾದಂದಿನಿಂದ ಇದೊಂದನ್ನು ಆಕೆಗೆ ತೋರಿಸಬೇಕೆಂದು ತನಗೇಕೆ ಹೊಳೆಯಲಿಲ್ಲವೋ ಎಂದುಕೊಂಡ.

ಕೊನೆಗೆ ಅವನ ಸರದಿ. ಬಗ್ಗುವ ಮುಂದೆ ರೂಢಿಯಂತೆ ಮಲ್ಲಿಕಾರ್ಜುನನ ಕೈ ನೋಡಿದ. ಬೋಲ್ಟಿಲ್ಲದ, ಗುಂಡಿಲ್ಲದ ರೈಫಲ್ಲು. ಹೂವು ಮುಡಿದ ಬರೀ ಕೊಳವೆ, ಯಾರು ಎಲ್ಲಿ ಒತ್ತಿದರೂ ಏನೂ ಆಗುವಂತಿರಲಿಲ್ಲ. ಆದರೂ ಬೆರಳು ಹೊರಗೇ ಇತ್ತು.